ದಾರಿ ಬಿಡದ ಕೋಟು

ನನ್ನ ಸೋದರಮಾವ ಫುಟ್‌ಪಾತಿನಲ್ಲಿ ಎದುರಿಗೆ ಯಾರೇ ಬಂದರೂ ಪಕ್ಕಕ್ಕೆ ಸರಿದವರಲ್ಲ. ಕಡಲು ದಾಟಿ ಈ ನಗರಕ್ಕೆ ಬಂದಿಳಿದ ದಿನ ತೊಟ್ಟಿದ್ದ ಕಂದು ಕೋಟಿನ ಗುಂಡಿಗಳನ್ನು ಕತ್ತಿನವರೆಗೂ ಬಿಗಿದು, ಎಡಗಾಲನ್ನು ತುಸು ಎಳೆಯುತ್ತ, ನಟ್ಟನಡುವೆ ಗಂಭೀರವಾಗಿ ನಡೆಯುತ್ತಿದ್ದರು. ಎದುರಾದವರು ಗೊಣಗುತ್ತ ಸುತ್ತಿಬಳಸಿ ಹೋಗಬೇಕು. ಹಿಂದಿದ್ದ ನನಗೆ ನಾಚಿಕೆಯಿಂದ ಮೈ ಹಿಡಿಯಾಗುತ್ತಿತ್ತು. "ಒಂದ್ಸಲ ಸರಿದ್ರೆ ಮುಗೀತು, ಜೀವಮಾನವೆಲ್ಲ ಸರೀತಾನೇ ಇರ್ಬೇಕು, ಗೊತ್ತಾಯ್ತಾ?" ಅವರ ಪ್ರತಿ ಮಾತಿನ ಕೊನೆಗೂ ಈ 'ಗೊತ್ತಾಯ್ತಾ' ಎಂಬ ಮುದ್ರೆ ಬೀಳಲೇಬೇಕು.

ವೃತ್ತಿಯಿಂದ ದರ್ಜಿ. ಅಂಗಡಿಯೆಂದರೆ ಎರಡು ಹೊಲಿಗೆಯಂತ್ರ, ಬಟ್ಟೆ ಕತ್ತರಿಸುವ ಮೇಜು, ಇಸ್ತ್ರಿಯ ಹಬೆಗೆ ಸದಾ ಬೆವರುವ ಕಿಟಕಿ. ಇಲ್ಲೇ ಹುಟ್ಟಿ, ಆ ಮೇಜಿನ ಕೆಳಗೇ ಬೆಳೆದ ಒಬ್ಬಳೇ ಮಗಳಿಗೆ ಫುಟ್‌ಬಾಲ್ ಹುಚ್ಚು ಹಿಡಿಯಿತು. ಹುಡುಗಿಯರ ತಂಡಕ್ಕೆ ಗೋಲ್‌ಕೀಪರ್ ಆದಳು. ಲೋಕಕ್ಕೇ ಜಗ್ಗದ ಮನುಷ್ಯ ಇಷ್ಟಕ್ಕೆ ಕಂಗೆಟ್ಟರು. ಕೆಸರಿನಲ್ಲಿ ಬೀಳುವ ಮಗಳನ್ನು ಕಂಡು ಜನ ನಗುತ್ತಾರೆ, 'ನಿಮ್ಮೂರಿಗೆ ಹೋಗು' ಎಂದು ಕೂಗುತ್ತಾರೆ ಎಂಬ ಭಯ. ಭಯವನ್ನು ಭಯವೆಂದು ಒಪ್ಪಿಕೊಳ್ಳುವ ಜಾಯಮಾನವಂತೂ ಅವರದಲ್ಲ. "ಮಷೀನಿನ ಮುಂದೆ ಕೂತು ಕೆಲಸ ಕಲಿ" ಎಂದು ಗದರಿದರು.

ಫೈನಲ್ ಪಂದ್ಯದ ಬೆಳಿಗ್ಗೆ ಅವರು ಮಾಡಿದ್ದು ದರ್ಜಿಗೆ ಮಾತ್ರ ಹೊಳೆಯಬಹುದಾದ ಅವಿವೇಕ. ಅವಳ ಆಟದ ಅಂಗಿಯ ಎರಡೂ ತೋಳಿನ ಬಾಯಿಗಳನ್ನು, ಕತ್ತಿನ ಸಮೇತ, ಒತ್ತೊತ್ತಾಗಿ ಹೊಲಿದು, ಇಸ್ತ್ರಿಯನ್ನೂ ಮಾಡಿ, ಮೇಜಿನ ಮೇಲೆ ಮಡಿಸಿಟ್ಟಿದ್ದರು! ಅವಳು ಅಳಲಿಲ್ಲ, ಕೂಗಾಡಲಿಲ್ಲ. ಅಪ್ಪನ ಸ್ಟೂಲಿನ ಮೇಲೇ ಕುಳಿತು, ಅಪ್ಪನ ಪುಟ್ಟ ಕತ್ತರಿಯ ಮೊನೆಯಿಂದಲೇ ಹೊಲಿಗೆ ಬಿಚ್ಚತೊಡಗಿದಳು. ಮಾವ ನೋಡಿದರು, ಕೆಮ್ಮಿದರು, ಕೊನೆಗೆ ತಡೆಯಲಾರದೆ, "ಎಳೀಬೇಡ, ಬಟ್ಟೆ ಹರಿಯುತ್ತೆ" ಎಂದುಬಿಟ್ಟರು.

"ಹರಿಯಲ್ಲ ಅಪ್ಪಾ. ಬಿಚ್ಚೋದು ಕಲಿಸಿದ್ದು ನೀವೇ. ಸರೀಬಾರದು ಅಂತ ಕಲಿಸಿದ್ದೂ ನೀವೇ, ಗೊತ್ತಾಯ್ತಾ?"

ಮಾವ ಬಾಗಿಲಿಗೆ ಅಡ್ಡ ನಿಂತರು. ಅಂಗಿ ತೊಟ್ಟ ಮಗಳು ನೆಟ್ಟಗೆ, ನಟ್ಟನಡುವೆ ನಡೆದುಬಂದಳು. ಮಾವ ಪಕ್ಕಕ್ಕೆ ಸರಿದರು. ನನಗೆ ಅಯ್ಯೋ ಎನಿಸಿತು. ಸುಳ್ಳೇಕೆ, ಒಳಗೊಳಗೇ ಕುಣಿಯುವಷ್ಟು ಖುಷಿಯೂ ಆಯಿತು.

ಅರ್ಧ ಆಟ ಮುಗಿಯುವ ಹೊತ್ತಿಗೆ ಗೋಲಿನ ಹಿಂದೆ ಕಂದು ಕೋಟು ಕಾಣಿಸಿತು. ಅವರು ಹೆದರಿದ್ದಂತೆಯೇ ಹಿಂದಿನಿಂದ ಯಾರೋ ಅವಳನ್ನು ಕೂಗಿದರು: "ನಿಮ್ಮೂರಿಗೆ ಹೋಗು!" ಮಾವ ತಿರುಗಿ ನಿಂತು, "ಇದೇ ಅವಳೂರು, ಗೊತ್ತಾಯ್ತಾ?" ಎಂದು ಗುಡುಗಿದರು. ತಮಗೆ ಆಟ ಕಾಣಿಸುತ್ತಿಲ್ಲ, ಸರಿಯಿರಿ ಎಂದು ಹಿಂದಿನವರು ಎಷ್ಟು ಬೇಡಿಕೊಂಡರೂ ಆ ಕೋಟು ಕದಲಲಿಲ್ಲ.

ತಂಡ ಒಂದು ಗೋಲಿನಿಂದ ಸೋತಿತು. ಮರಳುವಾಗ ಫುಟ್‌ಪಾತಿನ ನಡುವೆ ಮೈಯೆಲ್ಲ ಕೆಸರಾದ ಮಗಳು, ಹಿಂದೆ ಕಾಲೆಳೆಯುತ್ತ ಅಪ್ಪ. ಹಠವೊಂದನ್ನೇ ಆಸ್ತಿಯೆಂದು ಹೊತ್ತು ತಂದ ಇಂಥವರು ಅದನ್ನು ಮಕ್ಕಳಿಗೆ ಧಾರೆಯೆರೆಯುತ್ತಾರೆ, ಅದರ ಮೊದಲ ಏಟನ್ನು ತಾವೇ ತಿನ್ನುತ್ತಾರೆ. ತಿಂದ ಮೇಲೂ ಬೇರೆ ಯಾರಿಗೂ ಬಗ್ಗುವುದಿಲ್ಲ. ಬಗ್ಗಲೂಬಾರದು.