ಹೆಣವಿಲ್ಲದ ತಮಟೆ

ಸುಗತನಿಗೆ ಬೇಕಿದ್ದದ್ದು ಒಂದು ನಿಮಿಷ ನಲವತ್ತು ಸೆಕೆಂಡಿನ ತಮಟೆ. ಅಷ್ಟೇ. ಏಳು ವರ್ಷದಿಂದ ಧಾರಾವಾಹಿಗಳಲ್ಲಿ ಅತ್ತೆ ಕಣ್ಣು ಬಿಟ್ಟಾಗಲೆಲ್ಲ ಢಂ ಎನ್ನಿಸಿ ಎನ್ನಿಸಿ ಸಾಕಾಗಿದ್ದವನಿಗೆ ಈಗ ಮೊದಲ ಸಿನಿಮಾ ಸಿಕ್ಕಿತ್ತು. ನಿರ್ದೇಶಕಿ ಪ್ರತಿಭಾ ಶವಯಾತ್ರೆಯ ದೃಶ್ಯವೊಂದನ್ನು ಕಳಿಸಿ, ಇಂದು ಸಂಜೆ ಐದಕ್ಕೆ ಸಂಗೀತ ಕೈಸೇರದಿದ್ದರೆ ಬೇರೆಯವರನ್ನು ನೋಡಿಕೊಳ್ಳುತ್ತೇನೆ ಎಂದು ಮೆತ್ತಗೇ ಹೇಳಿದ್ದಳು. ಕಂಪ್ಯೂಟರಿನಲ್ಲೂ ತಮಟೆಯ ಸದ್ದಿತ್ತು, ಕೇಳಿದರೆ ಪ್ಲಾಸ್ಟಿಕ್ ಬಕೆಟ್ಟು ಬಡಿದ ಹಾಗೆ. ಅದಕ್ಕೇ ಅವನು ಕೆ.ಆರ್. ಪುರದಿಂದ ಮುನಿರಾಜಪ್ಪ ಮಾವನನ್ನು ಇಂದಿರಾನಗರದ ತನ್ನ ಸ್ಟುಡಿಯೋಗೆ ಕರೆಸಿಕೊಂಡ.

ಮುನಿರಾಜಪ್ಪನೆಂದರೆ ಸುಗತನ ಅಪ್ಪನ ಜೋಡಿ. ಇಬ್ಬರೂ ಮೂವತ್ತು ವರ್ಷ ಅಕ್ಕಪಕ್ಕ ನಿಂತು ಬಡಿದವರು. ಮದುವೆ, ಮೆರವಣಿಗೆ, ಸಾವು, ಯಾವುದಕ್ಕೂ ಇಲ್ಲವೆಂದವರಲ್ಲ. ಬೌದ್ಧರಾದ ಮೇಲೆ ಇದ್ಯಾಕೆ, ಬಿಟ್ಟುಬಿಡು ಎಂದು ವಿಹಾರದ ಹಿರಿಯರು ಹೇಳಿದಾಗ ಅಪ್ಪ ಮಗನಿಗೆ ಸುಗತ ಎಂದು ಹೆಸರಿಟ್ಟನೇ ಹೊರತು ತಮಟೆ ಕೆಳಗಿಡಲಿಲ್ಲ. ಆ ಇಬ್ಬರ ನಡುವೆ ನಿಂತೇ ಸುಗತನೂ ಕೈ ಕಲಿತ. ಆಮೇಲೆ ಹಲಸೂರಿನ ಗಣೇಶೋತ್ಸವದ ಆರ್ಕೆಸ್ಟ್ರಾಗಳು, ಅದಾದ ಮೇಲೆ ಕಿಟಕಿಯಿಲ್ಲದ ಈ ಕೋಣೆ. ಎದುರಿಗೆ ಜನರಿಲ್ಲದೆ ಕೀಬೋರ್ಡ್ ನುಡಿಸುವುದೇ ಒಗ್ಗಿಹೋಗಿ, ಅವನು ತಮಟೆ ಮುಟ್ಟಿ ವರ್ಷಗಳೇ ಆಗಿದ್ದವು.

ಮುನಿರಾಜಪ್ಪ ಬಂದವನೇ ಹಳೆ ಪೇಪರ್ ಕೇಳಿ, ಕೆಳಗೆ ಸ್ಕೂಟರ್ ನಿಲ್ಲಿಸುವ ಜಾಗದಲ್ಲಿ ಬೆಂಕಿ ಹಾಕಿ ತಮಟೆ ಕಾಯಿಸಿದ. ಕಾಯದ ಚರ್ಮ ಮಾತಾಡುವುದಿಲ್ಲ. ವಾಚ್‌ಮನ್ ಬಾಯಿಗೆ ಬಂದ ಹಾಗೆ ಬೈದರೂ ಮುದುಕ ತಲೆ ಎತ್ತಲಿಲ್ಲ. ಮೇಲೆ ಬಂದು ಮದುವೆಯದು, ದೇವರದು ಎಲ್ಲ ಬಡಿದು ತೋರಿಸಿದ. ಸಾವಿನದು ಬಡಿ ಎಂದು ಸುಗತ ಹೇಳಿದ ಕೂಡಲೇ ಕಡ್ಡಿಗಳನ್ನು ಕೆಳಗಿಟ್ಟ.

“ಹೆಣ ಎಲ್ಲಿ?” ಎಂದ.

ಸುಗತನಿಗೆ ನಗು ಬಂತು. ಮುದುಕ ನಗಲಿಲ್ಲ. ಹೆಣವಿಲ್ಲದ ಕಡೆ ಆ ಬಡಿತ ಬಡಿದರೆ ಸಾವನ್ನು ಕರೆದ ಹಾಗೆ, ಅದು ಯಾರ ಬಾಗಿಲಿಗೆ ಬರುತ್ತದೋ ಯಾರಿಗೆ ಗೊತ್ತು, ಕಲಿಯುವಾಗಲೂ ತಾವದನ್ನು ಸಾವಿನ ಮನೆಯಲ್ಲೇ ಕಲಿತದ್ದು ಎಂದ. ಇದೆಲ್ಲ ಸುಳ್ಳು, ಅಪ್ಪನೇ ನಂಬುತ್ತಿರಲಿಲ್ಲ ಎಂದು ಸುಗತ ವಾದಿಸಿದ, ಸಂಜೆ ಐದರ ಕತೆ ಹೇಳಿದ, ಕೊನೆಗೆ ಕೈ ಮುಗಿದ. ಊಹೂಂ. ಮುದುಕ ಗೋಡೆ ನೋಡುತ್ತ ಕೂತ. ಗಂಟೆ ಎರಡೂವರೆ ದಾಟಿತ್ತು.

“ಅಪ್ಪಂಗೆ ಬಡಿ, ಮಾವ.” ಯಾಕೆ ಹಾಗೆಂದನೋ ಸುಗತನಿಗೇ ತಿಳಿಯಲಿಲ್ಲ.

“ನಿಮ್ಮಪ್ಪಂಗೆ ಬಡಿದಾಯ್ತಲ್ಲ.”

“ನಾನಿರ್ಲಿಲ್ವಲ್ಲ.”

ನಿಜ, ಅವನಿರಲಿಲ್ಲ. ನಾಲ್ಕು ವರ್ಷದ ಹಿಂದೆ ಅಪ್ಪ ಹೋದ ಸುದ್ದಿ ಬೆಳಿಗ್ಗೆಯೇ ಬಂದಿತ್ತು. ಧಾರಾವಾಹಿಯ ಸಂಜೆಯ ಕಂತಿಗೆ ಸಂಗೀತ ಹಾಕುವುದು ಬಾಕಿ ಇತ್ತು, ಮುಗಿಸಿಯೇ ಹೊರಡೋಣವೆಂದ. ಮುಗಿಸಿ ಹೊರಟವನು ದಾರಿಯಲ್ಲಿ ಟಿನ್ ಫ್ಯಾಕ್ಟರಿ ಸ್ಟಾಪಿನ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡ. ತಲುಪುವಷ್ಟರಲ್ಲಿ ಗುಂಡಿ ಮುಚ್ಚಿದ್ದರು. ಮಗನಾಗಿ ಹೆಗಲು ಕೊಡಲಿಲ್ಲ, ಒಂದು ಹಿಡಿ ಮಣ್ಣೂ ಹಾಕಲಿಲ್ಲ. ಅಂದಿನಿಂದ ಆ ಸ್ಮಶಾನದ ಕಡೆ ತಲೆಯೇ ಹಾಕಿರಲಿಲ್ಲ. ಹೋಗಲು ಮುಖವಿರಲಿಲ್ಲ.

ಮುನಿರಾಜಪ್ಪ ಕಡ್ಡಿ ಎತ್ತಿಕೊಂಡ. “ಹಂಗಾದ್ರೆ ಎದ್ ನಿಂತ್ಕೊ. ಹೆಣ ಹೊರಟಾಗ ಮಗ ಕೂತಿರ್ತಾನಾ?”

ಸುಗತ ರೆಕಾರ್ಡಿಂಗ್ ಒತ್ತಿ ಎದ್ದು ನಿಂತ. ತಮಟೆ ಹೊರಟಿತು. ಒಂದು ನಿಮಿಷ ನಲವತ್ತು ಸೆಕೆಂಡು ಕಳೆಯಿತು. ಅವನಿಗೆ ಬೇಕಾದಷ್ಟು ಸಿಕ್ಕಿತ್ತು, ಕೈ ಮಾಡಿ ನಿಲ್ಲಿಸಬಹುದಿತ್ತು. ನಿಲ್ಲಿಸಲಿಲ್ಲ. ಕೋಣೆಯಲ್ಲಿದ್ದೇ ತಮಟೆ ಕೆ.ಆರ್. ಪುರದ ಅವರ ಬೀದಿ ದಾಟಿತು, ರೇಷನ್ ಅಂಗಡಿ ದಾಟಿತು, ರೈಲ್ವೆ ಗೋಡೆಯ ಪಕ್ಕದ ಇಳಿಜಾರಿನಲ್ಲಿ ನಿಧಾನವಾಯಿತು. ಚಿಕ್ಕಂದಿನಿಂದ ನಡೆದ ದಾರಿ, ಸುಗತನಿಗೆ ಬಡಿತದಲ್ಲೇ ಗೊತ್ತಾಗುತ್ತಿತ್ತು. ಅರ್ಧ ದಾರಿಯಲ್ಲಿ ಚಟ್ಟ ಇಳಿಸುವ ಜಾಗ ಬಂದಾಗ ಮುದುಕ ನಿಲ್ಲಿಸಿದ.

“ಹೆಗಲು ಕೊಡು,” ಎಂದ.

ಸುಗತ ಬಗ್ಗಿ, ಇಲ್ಲದ ಚಟ್ಟವನ್ನು ಎತ್ತಿ ಹೆಗಲಿಗಿಟ್ಟುಕೊಂಡ. ನಾಚಿಕೆ ಎನಿಸಲಿಲ್ಲ. ಅಳು ಬಂತು, ಅತ್ತ. ತಮಟೆ ಮತ್ತೆ ಹೊರಟಿತು.

ಬಡಿತದಲ್ಲಿ ಸ್ಮಶಾನದ ಗೇಟು ಬಂದಾಗ ಮುನಿರಾಜಪ್ಪ ಬೆವರು ಒರೆಸಿಕೊಂಡ. “ಬಂದ್ವಿ. ಇನ್ನು ಮಣ್ಣು ಹಾಕ್ಬೇಕು, ಅದು ಇಲ್ಲಾಗಲ್ಲ. ನಡಿ.”

ಗಂಟೆ ಮೂರೂವರೆ. ಬಡಿದದ್ದರಲ್ಲಿ ಬೇಕಾದಷ್ಟು ಕತ್ತರಿಸಿ, ದೃಶ್ಯಕ್ಕೆ ಕೂಡಿಸಿ ಕಳಿಸಲು ಒಂದು ಗಂಟೆ ಸಾಕು. ಮುಗಿಸಿಯೇ ಹೊರಡೋಣ ಎಂಬ ಮಾತು ಸುಗತನ ನಾಲಿಗೆಯ ತುದಿಗೆ ಬಂತು. ಆ ಮಾತು ಅವನಿಗೆ ಚೆನ್ನಾಗಿ ಗೊತ್ತಿತ್ತು. ಕಂಪ್ಯೂಟರನ್ನು ಹಾಗೇ ಬಿಟ್ಟು ಚಪ್ಪಲಿ ಮೆಟ್ಟಿಕೊಂಡ.

ಟಿನ್ ಫ್ಯಾಕ್ಟರಿಯಲ್ಲಿ ಬಸ್ಸು ಎಂದಿನಂತೆ ನಿಂತುಬಿಟ್ಟಿತು. ಐದು ಹೊಡೆದ ಮೇಲೆ ಪ್ರತಿಭಾಳ ಫೋನು. ಸುಗತ ಸುಳ್ಳು ಹುಡುಕಲಿಲ್ಲ; ಅಪ್ಪನಿಗೆ ಮಣ್ಣು ಹಾಕಲು ಹೋಗುತ್ತಿದ್ದೇನೆ ಎಂದ. ಅವಳು ಕೆಲಸದ ಯೋಚನೆ ಬೇಡವೆಂದು ಹೇಳಿ, ಮೆಲ್ಲಗೆ ಕೇಳಿದಳು:

“ಯಾವಾಗ ಹೋದ್ರು?”

ಸುಗತ ಪಕ್ಕಕ್ಕೆ ನೋಡಿದ. ಮುನಿರಾಜಪ್ಪ ತಮಟೆಯನ್ನು ತೊಡೆಯ ಮೇಲಿಟ್ಟುಕೊಂಡು ಕಣ್ಣು ಮುಚ್ಚಿದ್ದ.

“ಇವತ್ತು, ಮೇಡಂ,” ಎಂದ ಸುಗತ.