ಸೊನ್ನೆಯ ಹತ್ತಿರ

ಗಣಿತದ ಮೇಡಂ ತರಗತಿಯಲ್ಲಿ ಯಾರೂ ತೂಕಡಿಸುವುದಿಲ್ಲ ಎಂಬ ಮಾತು ಕಾಲೇಜಿನ ತುಂಬ ಹಬ್ಬಿತ್ತು. ಉಳಿದ ಮೇಷ್ಟ್ರುಗಳಿಗೆ ಇದರಿಂದ ಹೊಟ್ಟೆ ಉರಿ. ಉರಿಯದೆ ಇರುತ್ತದೆಯೇ? ಅವರೂ ಅದೇ ಬೋರ್ಡಿನ ಮೇಲೆ ಅದೇ ಸೀಮೆಸುಣ್ಣದಲ್ಲಿ ಅದೇ ಏಕರೂಪ ಸಾತತ್ಯವನ್ನು ಬರೆಯುತ್ತಿದ್ದರು. ಅರ್ಧ ತರಗತಿ ಆಕಳಿಸುತ್ತಿತ್ತು, ಮಿಕ್ಕರ್ಧ ಕಿಟಕಿಯಾಚೆ ನೋಡುತ್ತಿತ್ತು. ಮೇಡಂ ಬರೆದರೆ ಪಕ್ಕದ ತರಗತಿಯವರೂ ಬಂದು ಬಾಗಿಲಲ್ಲಿ ನಿಲ್ಲುತ್ತಿದ್ದರು. ಅದರಲ್ಲೇನು ಮಹಾ ಗುಟ್ಟು! ಮೇಡಂಗೆ ಒಬ್ಬ ಅಕ್ಕ ಇದ್ದಳು, ಆ ಅಕ್ಕನನ್ನು ಅವರು ಪಾಠಕ್ಕೆ ಎಳೆದು ತರುತ್ತಿದ್ದರು.

"ನೋಡ್ರಪ್ಪಾ, ಫಂಕ್ಷನ್ ಅಂದ್ರೆ ಏನು? ನಾವೊಂದು ಕೊಟ್ರೆ ಅದು ಇನ್ನೊಂದು ಕೊಡುತ್ತೆ. ನಮ್ಮಕ್ಕನ ಹಾಗೆ. ನಾವು ಮಾತು ಕೊಟ್ರೆ ಅವಳು ಕೋಪ ಕೊಡ್ತಾಳೆ" ಎಂದು ಶುರು ಮಾಡುತ್ತಿದ್ದರು. "ಮನೇಲಿ ಅವಳಿಗೆ ಸಿಡಿಮದ್ದು ಅಂತ ಹೆಸರು. ಈಗ ಸಾತತ್ಯ ಅಂದ್ರೆ ಇಷ್ಟೇ. ನಾವು ಸ್ವಲ್ಪ ಅಲ್ಲಾಡಿದ್ರೆ ಅವಳೂ ಸ್ವಲ್ಪವೇ ಅಲ್ಲಾಡಬೇಕು. ಅವಳ ಕೋಪ ಎಷ್ಟರೊಳಗೆ ಇರ್ಬೇಕು ಅಂತ ನೀವು ಹೇಳಿ, ಅದು ಎಪ್ಸಿಲಾನ್. ಹಾಗಾದ್ರೆ ಇಷ್ಟರೊಳಗೆ ಮಾತ್ರ ಅಲ್ಲಾಡಿ ಅಂತ ನಾನು ಹೇಳ್ತೀನಿ, ಅದು ಡೆಲ್ಟಾ. ಆದ್ರೆ ಡೆಲ್ಟಾ ಕೊಡೋಕೆ ಮುಂಚೆ ನಾನೊಂದು ಕೇಳಬೇಕು, ನೀವು ಎಲ್ಲಿ ನಿಂತಿದ್ದೀರಿ? ನಿಂತ ಜಾಗ ನೋಡಿ ನೋಡಿ ಡೆಲ್ಟಾ ಕೊಟ್ರೆ ಅದು ಬರೀ ಸಾತತ್ಯ. ಜಾಗ ಕೇಳೋ ಗೋಜೇ ಇಲ್ಲದೆ ಎಲ್ಲಾ ಕಡೆಗೂ ಒಂದೇ ಡೆಲ್ಟಾ ಸಾಕಾದ್ರೆ ಅದು ಏಕರೂಪ ಸಾತತ್ಯ."

ಆಮೇಲೆ ಸೊನ್ನೆಯಿಂದ ಒಂದರವರೆಗೆ ಗೆರೆ ಎಳೆದು, ಒಂದನ್ನು x ನಿಂದ ಭಾಗಿಸಿದರೆ ಬರುವ ಬಾಗಿದ ರೇಖೆಯನ್ನು ಬಿಡಿಸುತ್ತಿದ್ದರು. ಒಂದರ ಹತ್ತಿರ ಅದು ಸಾಧು, ಮೆಲ್ಲಗೆ ಏರುತ್ತದೆ. ಸೊನ್ನೆಯ ಕಡೆಗೆ ಹೋದ ಹಾಗೆಲ್ಲ ಬೋರ್ಡಿನ ಮೇಲಂಚು ದಾಟಿ ಗೋಡೆ ಹತ್ತುತ್ತದೆ. "ನೂರನೇ ಒಂದು ಭಾಗ, ನೂರಾ ಒಂದನೇ ಒಂದು ಭಾಗ. ಎರಡೂ ಅಂಟಿಕೊಂಡೇ ಕೂತಿವೆ ತಾನೇ? ಫಂಕ್ಷನ್ ಕೊಡೋದು ನೂರು, ನೂರಾ ಒಂದು. ಇಡೀ ಒಂದರ ವ್ಯತ್ಯಾಸ! ಸಾವಿರನೇ ಒಂದು ಭಾಗದ ಹತ್ತಿರ ಹಾಗೇ ಮಾಡಿ, ಇನ್ನೂ ಅಂಟಿಕೊಂಡಿರ್ತವೆ, ವ್ಯತ್ಯಾಸ ಮಾತ್ರ ಮತ್ತೆ ಅದೇ ಒಂದು. ನೀವು ಎಷ್ಟೇ ಸಣ್ಣ ಡೆಲ್ಟಾ ತಂದ್ರೂ ಸೊನ್ನೆ ಹತ್ತಿರ ಅದು ಸೋಲುತ್ತೆ. ಇದು ನಮ್ಮಕ್ಕ. ಪ್ರತಿ ಜಾಗದಲ್ಲೂ ಸಾತತ್ಯ ಇದೆ, ಏಕರೂಪ ಸಾತತ್ಯ ಮಾತ್ರ ಕೇಳ್ಬೇಡಿ!"

ತರಗತಿ ಹೊಟ್ಟೆ ಹಿಡಿದುಕೊಂಡು ನಗುತ್ತಿತ್ತು. ಪರೀಕ್ಷೆಯಲ್ಲಿ ಬೇರೇನೂ ಬರೆಯದಿದ್ದರೂ ಇದೊಂದನ್ನು ಸರಿಯಾಗಿ ಬರೆಯುತ್ತಿದ್ದರು. ನಗಿಸಿ ಕಲಿಸುವುದು ತಪ್ಪೇನಲ್ಲ, ಖಂಡಿತ ಅಲ್ಲ. ಆದರೆ ಎದುರಿಗಿಲ್ಲದವರನ್ನು ಇಟ್ಟುಕೊಂಡು ನಗಿಸುವುದು ಎಷ್ಟು ಸಲೀಸು ನೋಡಿ.

ಈ ವರ್ಷ ಮೇಡಂ ಹತ್ತಿರ ಹೊಸ ಸರಕು ಇತ್ತು. ಅಕ್ಕನ ಸಿಡುಕು ಇತ್ತೀಚೆಗೆ ಮಿತಿಮೀರಿತ್ತು. ಭಾವ ಟೀ ಕಪ್ಪನ್ನು ಎಂದಿನ ಜಾಗಕ್ಕಿಂತ ಒಂದು ಗೇಣು ಪಕ್ಕಕ್ಕೆ ಇಟ್ಟರಂತೆ, ಅಕ್ಕನ ಕೈ ತಗುಲಿ ಟೀ ಚೆಲ್ಲಿತಂತೆ, ಬೀದಿಗೆಲ್ಲ ಕೇಳುವ ಹಾಗೆ ಬೈದಳಂತೆ. ಯಾರೋ ಬೀರುವಿನ ಬಾಗಿಲನ್ನು ನಾಲ್ಕು ಬೆರಳು ತೆರೆದು ಬಿಟ್ಟಿದ್ದಕ್ಕೆ ಹಣೆ ಬಡಿಸಿಕೊಂಡು ಆ ಬಾಗಿಲನ್ನೇ ಕಿತ್ತುಹಾಕುವುದಕ್ಕೆ ಹೋದಳಂತೆ. ಪಕ್ಕದ ಮನೆಯಾಕೆ ಗೇಟಿನ ಬಳಿ ನಿಂತು ಮುಗುಳ್ನಕ್ಕರೆ ಅಕ್ಕ ಮುಖ ಕೂಡ ತಿರುಗಿಸದೆ ಹೋದಳಂತೆ; ಆಕೆ "ಏನು ಜಂಬ ನಿಮಗೆ" ಎಂದದ್ದೇ ತಡ, ಎರಡು ಮನೆಗಳ ಮಾತುಕತೆ ನಿಂತುಹೋಯಿತು. ಮೇಡಂ ಇದಕ್ಕೆಲ್ಲ ಉಪ್ಪುಖಾರ ಹಚ್ಚಿ ಹೇಳಿದರು.

"ಬರೀ ನಾಲ್ಕು ಬೆರಳು ಡೆಲ್ಟಾ! ಎಪ್ಸಿಲಾನ್ ಎಲ್ಲಿಗೆ ಹೋಯ್ತು ನೋಡಿ. ನಮ್ಮಕ್ಕ ಈ ವರ್ಷ ಸೊನ್ನೆಗೆ ತುಂಬಾ ಹತ್ತಿರ ಹೋಗಿದ್ದಾಳೆ ಕಣ್ರೋ."

ನಗು ಇಳಿಯುವ ಹೊತ್ತಿಗೆ ಕಿಟಕಿ ಪಕ್ಕದ ಹುಡುಗಿ ಎದ್ದು ನಿಂತಳು. ಪ್ರತಿ ಪಾಠಕ್ಕೂ ಏನಾದರೊಂದು ಕೇಳುವುದರಿಂದ ಅವಳನ್ನು ಎಲ್ಲರೂ ಪ್ರಶ್ನೆಪತ್ರಿಕೆ ಎಂದೇ ಕರೆಯುತ್ತಿದ್ದರು.

"ಮೇಡಂ, ನಿಮ್ಮಕ್ಕಂಗೆ ಸೊನ್ನೆ ಯಾವುದು?"

"ಅಂದ್ರೆ?"

"ಇಲ್ಲಿ ಸೊನ್ನೆ ಎಲ್ಲಿದೆ ಅಂತ ಗೊತ್ತು, ಅದಕ್ಕೇ ರೇಖೆ ಯಾಕೆ ಹಾಗೆ ಏರುತ್ತೆ ಅಂತ ಹೇಳೋಕಾಯ್ತು. ಅವರು ಯಾವುದರ ಹತ್ತಿರ ಹೋಗ್ತಿದ್ದಾರೆ? ಅವರು ಎಲ್ಲಿ ನಿಂತಿದ್ದಾರೆ ಅಂತ ನೀವು ಹೇಳ್ಲೇ ಇಲ್ಲ."

"ಕೂತ್ಕೊಳಮ್ಮ ತಾಯಿ. ಸೊನ್ನೆಯಲ್ಲಿ ಫಂಕ್ಷನ್ನೇ ಇಲ್ಲ, ಅದು ಸಿಲಬಸ್ಸಲ್ಲೂ ಇಲ್ಲ" ಎಂದು ಮೇಡಂ ನಗಿಸಿ ಜಾರಿಕೊಂಡರು. ಗಂಟೆ ಹೊಡೆಯಿತು.

ಜಾರಿಕೊಂಡರೇನೋ ಸರಿ, ಆದರೆ ಬಸ್ಸಿನಲ್ಲಿ ಕೂತರೆ ಆ ಪ್ರಶ್ನೆ ಪಕ್ಕದ ಸೀಟಿನಲ್ಲೇ ಬಂದು ಕೂತಿತ್ತು. ಇಷ್ಟು ವರ್ಷ ಹೇಳಿಕೊಟ್ಟಿದ್ದೇನು? ಮೊದಲು ಎಲ್ಲಿ ನಿಂತಿದ್ದೀರಿ ಎಂದು ಕೇಳಬೇಕು ಅಂತ. ಅಕ್ಕನ ವಿಷಯದಲ್ಲಿ ಕೇಳಿದ್ದು ಯಾವಾಗ? ಎಷ್ಟು ಅಲ್ಲಾಡಿಸಿದೆವು ಎಂಬ ಲೆಕ್ಕ ಇತ್ತು, ಅವಳು ಎಷ್ಟು ಹಾರಿದಳು ಎಂಬ ಲೆಕ್ಕವೂ ಇತ್ತು. ಕಪ್ಪು, ಬೀರು, ಗೇಟು. ಮೇಡಂ ಮನಸ್ಸಿನಲ್ಲೇ ಒಂದೊಂದು ಕಡೆಗೂ ಹೋಗಿ ಅಕ್ಕನನ್ನು ನಿಲ್ಲಿಸಿ ನೋಡಿದರು. ಕಪ್ಪು ಎಡಗಡೆಗೆ. ಬೀರುವಿನ ಬಾಗಿಲು ಅಡುಗೆಮನೆಗೆ ಹೋಗುವಾಗ ಎಡಕ್ಕೆ. ಪಕ್ಕದ ಮನೆಯ ಗೇಟು, ಅದೂ ಎಡಕ್ಕೆ. ಮನೆಗೆ ಹೋಗಬೇಕಾದವರು ಎರಡು ಸ್ಟಾಪು ಮೊದಲೇ ಇಳಿದು ಅಕ್ಕನ ಮನೆಯ ದಾರಿ ಹಿಡಿದರು.

ಅಕ್ಕನ ಮನೆಯ ಬಾಗಿಲು ದಾಟಿದರೆ ಅವರು ಮೇಡಂ ಅಲ್ಲ, ಬರೀ ತಂಗಿ. ನಾವೂ ಹಾಗೇ ಕರೆಯೋಣ.

ಅಕ್ಕ ಹಲ್ಲಿನ ಸೆಟ್ ಮಾಡುವವಳು. ದಂತವೈದ್ಯರು ಬಾಯಿಯ ಅಚ್ಚು ತೆಗೆದು ಕಳಿಸಿದರೆ ಅದಕ್ಕೆ ಹೊಂದುವ ಹಲ್ಲು ಜೋಡಿಸಿ ಕೊಡುವುದು ಅವಳ ಕೆಲಸ. ಮನೆಯ ಮುಂದಿನ ಕೋಣೆಯಲ್ಲಿ ಗೋಡೆಯುದ್ದಕ್ಕೂ ಹಲಗೆ, ಹಲಗೆಯ ತುಂಬ ಪ್ಲಾಸ್ಟರಿನ ದವಡೆಗಳು, ಒಂದೊಂದರ ಮೇಲೂ ಪೆನ್ಸಿಲ್ಲಿನ ಗುರುತು. ಕರಗಿದ ಮೇಣದ ವಾಸನೆ. ಅಕ್ಕ ಟೇಬಲ್ ಲ್ಯಾಂಪಿನ ಕೆಳಗೆ ಬಗ್ಗಿ, ಗುಲಾಬಿ ಮೇಣದೊಳಗೆ ಒಂದು ಕೋರೆಹಲ್ಲನ್ನು ಕೂರಿಸುತ್ತಿದ್ದಳು. ಎದುರಿಗಿದ್ದದ್ದು ಕೂದಲೆಳೆಯಷ್ಟು ಓರೆಯಾದರೂ ಅವಳಿಗೆ ಕಾಣುತ್ತಿತ್ತು.

ತಂಗಿ ಸದ್ದಿಲ್ಲದೆ ಹೋಗಿ ಅವಳ ಎಡಕ್ಕೆ ನಿಂತಳು. ಕೈ ಚಾಚಿದರೆ ಮುಟ್ಟುವಷ್ಟು ಹತ್ತಿರ. ಅಕ್ಕ ತಲೆ ಎತ್ತಲಿಲ್ಲ. ಬೇರೆ ದಿನವಾಗಿದ್ದರೆ ಮುಖ ಊದಿಸಿಕೊಂಡಿದ್ದಾಳೆ ಎಂದುಕೊಂಡು ತಂಗಿಯೂ ಮುಖ ಊದಿಸುತ್ತಿದ್ದಳು. ಇವತ್ತು ಕೈ ಎತ್ತಿ ಅಕ್ಕನ ಕಿವಿಯ ನೇರಕ್ಕೆ ಮೆಲ್ಲಗೆ ಬೀಸಿದಳು. ಏನೂ ಇಲ್ಲ. ಕೈಯನ್ನು ಕೆನ್ನೆಯ ನೇರಕ್ಕೆ ತಂದಳು. ಆಗಲೂ ಇಲ್ಲ. ಮೂಗಿನ ಹತ್ತಿರ ಹತ್ತಿರ ಬಂದಾಗ ಅಕ್ಕ ಬೆಚ್ಚಿಬಿದ್ದಳು, ಕೋರೆಹಲ್ಲು ಟಣ್ಣೆಂದು ನೆಲಕ್ಕೆ ಹಾರಿತು.

"ನಿನ್ನ ಮನೆ ಹಾಳಾಗ! ಕಳ್ಳಿ ಹಾಗೆ ಬಂದು ಪಕ್ಕದಲ್ಲಿ ನಿಂತ್ಕೋತೀಯಲ್ಲ, ಬಾಯಿಲ್ವಾ ನಿಂಗೆ? ಹೃದಯ ನಿಂತುಹೋಗಿದ್ರೆ ಯಾರ್ ಹೊಣೆ?"

"ಅಕ್ಕಾ, ಎಷ್ಟು ದಿನದಿಂದ?"

"ಏನು ಎಷ್ಟು ದಿನದಿಂದ?"

"ಎಡಗಡೆ ಕಾಣ್ದೇ ಇರೋದು."

ಅಕ್ಕ ಬರ್ನರಿನ ಉರಿ ಆರಿಸಿದಳು. ಸೆರಗಿನಲ್ಲಿ ಕೈ ಒರೆಸಿಕೊಂಡಳು, ಒರೆಸಿದ ಕೈಯನ್ನೇ ಮತ್ತೆ ಒರೆಸಿಕೊಂಡಳು.

"ಗ್ಲಾಕೋಮಾ ಅಂತೆ" ಎಂದಳು. "ಕಣ್ಣೊಳಗೆ ಒತ್ತಡ ಜಾಸ್ತಿಯಾಗಿ ನರ ಸಾಯುತ್ತಂತೆ. ನೋವಿಲ್ಲ, ಕೆಂಪಿಲ್ಲ, ಏನೂ ಇಲ್ಲ. ಪಕ್ಕದಿಂದ ತಿನ್ನುತ್ತಾ ಬರುತ್ತಂತೆ. ಹೋದ ವರ್ಷ ಕನ್ನಡಕ ಬದಲಾಯಿಸೋಕೆ ಹೋದಾಗ ಕಣ್ಣಿನ ಡಾಕ್ಟ್ರು ಹೇಳಿದ್ರು."

"ಹೋದ ವರ್ಷ! ಭಾವಂಗೂ ಹೇಳಿಲ್ವಾ?"

"ಹೇಳಿದ್ರೆ ಅವತ್ತೇ ಈ ಕೋಣೆಗೆ ಬೀಗ ಹಾಕಿ ನನ್ನ ಕುರ್ಚಿ ಮೇಲೆ ಕೂರಿಸ್ತಿದ್ರು. ಕೆಲಸ ಬಿಟ್ಟು ನಾನು ಬದುಕ್ತೀನಾ?"

"ನಂಗೆ ಹೇಳ್ಬಹುದಿತ್ತಲ್ಲಾ. ನಾನು ಸತ್ತಿದ್ನಾ?"

ಅಕ್ಕ ಬಗ್ಗಿ ನೆಲದ ಮೇಲೆ ಕೋರೆಹಲ್ಲನ್ನು ಹುಡುಕತೊಡಗಿದಳು. ಅದು ಅವಳ ಎಡಗಾಲಿನ ಪಕ್ಕದಲ್ಲೇ ಬಿದ್ದಿತ್ತು. ತಂಗಿ ಎತ್ತಿ ಕೊಟ್ಟಳು.

"ಹೇಳೋಕೇ ಬಂದಿದ್ದೆ ಕಣೇ" ಎಂದಳು ಅಕ್ಕ. "ಡಾಕ್ಟ್ರು ಹೇಳಿದ ದಿನವೇ, ಆಸ್ಪತ್ರೆಯಿಂದ ನೆಟ್ಟಗೆ ನಿನ್ನ ಕಾಲೇಜಿಗೆ ಬಂದೆ. ಯಾರೋ ತರಗತಿ ತೋರಿಸಿದ್ರು. ಬಾಗಿಲು ತೆಗೆದೇ ಇತ್ತು, ಹುಡುಗರು ನಿಂತಿದ್ರು, ನಾನೂ ಅವರ ಹಿಂದೆ ನಿಂತ್ಕೊಂಡೆ. ಮುಗೀಲಿ, ಆಮೇಲೆ ಮಾತಾಡೋಣ ಅಂತ."

ಹೋದ ವರ್ಷ ಬಾಗಿಲಲ್ಲಿ ಜನ ನಿಂತಿದ್ದ ಪಾಠ ಯಾವುದೆಂದು ತಂಗಿಗೆ ಯಾರೂ ಹೇಳಬೇಕಾಗಿರಲಿಲ್ಲ.

"ಚೆನ್ನಾಗಿ ಹೇಳ್ತೀಯ" ಎಂದಳು ಅಕ್ಕ, ನಿಜವಾಗಿಯೇ. "ನಂಗೂ ಅರ್ಥ ಆಯ್ತು. ಮುಂದಿದ್ದ ಹುಡುಗ ನಕ್ಕು ನಕ್ಕು ನನ್ನ ಕಾಲು ತುಳಿದ. ನನಗನ್ನಿಸ್ತು, ಇದನ್ನ ಹೇಳಿದ್ರೆ ಇದೂ ನಾಳೆ ಬೋರ್ಡ್ ಮೇಲೆ ಬರುತ್ತೆ. ವಾಪಸ್ ಬಂದುಬಿಟ್ಟೆ. ಆ ಸಿಟ್ಟಲ್ಲಿ ಮತ್ತೆ ಡಾಕ್ಟ್ರ ಹತ್ರಾನೂ ಹೋಗ್ಲಿಲ್ಲ. ಡ್ರಾಪ್ಸ್ ಬಾಟ್ಲಿ ಖಾಲಿಯಾಯ್ತು, ಇನ್ನೊಂದು ತರಲಿಲ್ಲ."

ನೆಲ ಬಾಯಿ ಬಿಟ್ಟಿದ್ದರೆ ತಂಗಿ ಒಂದು ಮಾತೂ ಆಡದೆ ಇಳಿದುಹೋಗುತ್ತಿದ್ದಳು. ತಪ್ಪಾಯ್ತು ಎನ್ನೋಣವೆಂದರೆ ಆ ಮಾತಿಗೆ ನಾಚಿಕೆಯಾಗಬೇಕು, ಅಷ್ಟು ಚಿಕ್ಕದು. ಅಕ್ಕನ ಸಿಡುಕು ಹೆಚ್ಚಾದ ಪ್ರತಿ ಸಲವೂ ಅವಳು ಮನಸ್ಸಿನಲ್ಲಿ ಖುಷಿಪಟ್ಟಿದ್ದಳು, ಪಾಠಕ್ಕೆ ಇನ್ನೊಂದು ಸಿಕ್ಕಿತು ಎಂದು. ಕಪ್ಪು ಕಾಣದೆ ಟೀ ಚೆಲ್ಲಿದವಳು ಹೆದರಿಕೆಗೆ ಕೂಗಿದ್ದು. ಅದನ್ನು ಇವಳು ಅನುಕರಿಸಿ ತೋರಿಸಿದ್ದಳು, ಕೈ ಬೀಸಿಕೊಂಡು, ದನಿ ಎತ್ತಿಕೊಂಡು.

"ಇನ್ನೊಂದಿದೆ" ಎಂದಳು ಅಕ್ಕ. ದನಿ ಇದ್ದಕ್ಕಿದ್ದಂತೆ ಕುಗ್ಗಿತ್ತು. "ಇದು ರಕ್ತಸಂಬಂಧದಲ್ಲಿ ಬರುತ್ತಂತೆ. ಒಡಹುಟ್ಟಿದವರಿದ್ರೆ ತಡ ಮಾಡದೆ ತೋರಿಸೋಕೆ ಹೇಳಿ ಅಂದಿದ್ರು ಡಾಕ್ಟ್ರು. ಅದನ್ನ ಹೇಳೋಕೂ ಬಂದಿದ್ದೆ. ಹೇಳ್ಲಿಲ್ಲ ನೋಡು ನಾನು. ವರ್ಷ ಪೂರ್ತಿ ಬಾಯಿ ಮುಚ್ಕೊಂಡಿದ್ದೆ." ಅವಳು ಲ್ಯಾಂಪ್ ಆರಿಸಿದಳು. "ನಡಿ, ಈಗ್ಲೇ ಹೋಗೋಣ. ಚಪ್ಪಲಿ ಹಾಕ್ಕೋ."

ಕಣ್ಣಿನ ಆಸ್ಪತ್ರೆಯಲ್ಲಿ ಮೊದಲು ಅಕ್ಕನಿಗೆ ತೋರಿಸೋಣವೆಂದು ತಂಗಿ, ಇವಳನ್ನು ನೋಡಿ ಮೊದಲು ಎಂದು ಅಕ್ಕ. ಕೌಂಟರಿನ ಮುಂದೆಯೇ ಜಗಳ. ಎಂದಿನಂತೆ ಅಕ್ಕನೇ ಗೆದ್ದಳು. ತಂಗಿ ಬಿಳಿ ಬಟ್ಟಲಿನಂಥ ಯಂತ್ರದೊಳಗೆ ಗದ್ದ ಇಟ್ಟು, ಬೆಳಕಿನ ಚುಕ್ಕೆ ಕಂಡಾಗಲೆಲ್ಲ ಗುಂಡಿ ಒತ್ತಿದಳು. ಆಮೇಲೆ ಅಕ್ಕನ ಸರದಿ. ಹೊರಗೆ ಕೂತ ತಂಗಿಗೆ ಗುಂಡಿಯ ಟಕ್ ಟಕ್ ಕೇಳುತ್ತಿತ್ತು. ಎರಡು ಟಕ್ಕುಗಳ ನಡುವೆ ಎಷ್ಟೋ ಹೊತ್ತು ಏನೂ ಕೇಳುತ್ತಿರಲಿಲ್ಲ. ಆ ಹೊತ್ತಿನಲ್ಲೂ ಒಳಗೆ ಚುಕ್ಕೆಗಳು ಬರುತ್ತಲೇ ಇವೆ ಎಂದು ಅವಳಿಗೆ ಗೊತ್ತಿತ್ತು.

ಡಾಕ್ಟರು ಅಕ್ಕನ ಎಡಗಣ್ಣಿನ ನೋಟದ ಎರಡು ಚಿತ್ರಗಳನ್ನು ಪಕ್ಕಪಕ್ಕ ಇಟ್ಟರು. ಹೋದ ವರ್ಷದ್ದರಲ್ಲಿ ಒಂದು ಮೂಲೆಯಲ್ಲಿ ಬೂದು ಮಸುಕು. ಈ ವರ್ಷದ್ದು ಅರ್ಧಕ್ಕರ್ಧ ಕಪ್ಪು.

"ಹೋಗಿರೋದು ವಾಪಸ್ ಬರಲ್ಲ ಅಮ್ಮಾ. ಡ್ರಾಪ್ಸ್ ಬಿಡದೆ ಹಾಕಿದ್ರೆ ಇಷ್ಟು ಹೋಗ್ತಾ ಇರ್ಲಿಲ್ಲ. ಬಲಗಣ್ಣಲ್ಲೂ ಮೂಗಿನ ಕಡೆ ಶುರುವಾಗಿದೆ, ಮಿಕ್ಕಿದ್ದು ಚೆನ್ನಾಗಿದೆ, ಅದನ್ನ ಉಳಿಸ್ಕೊಳ್ಳೋಣ" ಎಂದರು. ಆಮೇಲೆ ತಂಗಿಯ ಕಡೆ ತಿರುಗಿ, "ನಿಮ್ಮದು ಎರಡೂ ಸರಿಯಾಗಿವೆ. ವರ್ಷಕ್ಕೊಂದು ಸಲ ತೋರಿಸಿದ್ರೆ ಸಾಕು" ಎಂದರು.

ತಂಗಿಗೆ ಸಮಾಧಾನವಾಗಲಿಲ್ಲ. ತನ್ನ ಕಣ್ಣಿಗೂ ಒಂಚೂರು ಏನಾದರೂ ಆಗಿದ್ದರೆ ಚೆನ್ನಾಗಿತ್ತು ಎನ್ನಿಸಿತು. ಅಷ್ಟು ಕೂಡ ತೆರದೆ ಪಾರಾಗುವುದು ಅನ್ಯಾಯ ಎನ್ನಿಸಿತು.

"ಇನ್ನೊಂದ್ಸಲ ಹೇಳಿ ಡಾಕ್ಟ್ರೇ" ಎಂದಳು ಅಕ್ಕ. "ಇವಳಿಗೆ ಏನೂ ಇಲ್ಲ ಅಲ್ವಾ? ಸರಿಯಾಗಿ ನೋಡಿದ್ರಾ?"

ಅವರು ಇನ್ನೊಂದು ಸಲ ಹೇಳಿದರು. ಅಕ್ಕ ಹೊರಗೆ ಬಂದು ಗೋಡೆ ಹಿಡಿದುಕೊಂಡು ನಡೆದು, ಮೊದಲು ಸಿಕ್ಕಿದ ಬೆಂಚಿನ ಮೇಲೆ ಕುಸಿದು, ಬಾಯಿಗೆ ಸೆರಗಿಟ್ಟುಕೊಂಡು ಅತ್ತಳು. ತಂಗಿ ಅವಳ ಎಡಪಕ್ಕದಲ್ಲಿ ಖಾಲಿ ಇದ್ದ ಜಾಗದಲ್ಲಿ ಕೂತಳು.

"ವರ್ಷದಿಂದ ನೆಮ್ಮದಿ ಅನ್ನೋದು ಗೊತ್ತಿಲ್ಲ ಕಣೇ" ಎಂದಳು ಅಕ್ಕ. "ನನ್ನದು ಹೋದ್ರೆ ಹೋಗ್ಲಿ ಅನ್ಕೋತಿದ್ದೆ. ನೀನು ಎಲ್ಲಾದ್ರೂ ಎಡವಿದೆ ಅಂದ್ರೆ ಸಾಕು, ಅಯ್ಯೋ ಇವಳಿಗೂ ಶುರುವಾಯ್ತಾ, ನಾನೇ ಇವಳ ಕಣ್ಣು ಕಿತ್ತೆನಾ ಅಂತ ಜೀವ ಹೋಗೋದು. ಹೇಳೋಣ ಅಂತ ಫೋನ್ ಎತ್ಕೊಳ್ಳೋದು, ಇಷ್ಟು ದಿನ ಯಾಕೆ ಹೇಳ್ಲಿಲ್ಲ ಅಂತ ಕೇಳಿದ್ರೆ ಏನು ಹೇಳ್ಲಿ ಅಂತ ಇಟ್ಟುಬಿಡೋದು. ಅದೇ ಸಂಕಟಕ್ಕೆ ಎಲ್ಲರ ಮೇಲೂ ಹಾರಾಡೋದು. ಎಂಥ ಪಾಪಿ ನಾನು, ಅಲ್ವಾ? ಒಂದು ತಮಾಷೆಗೆ ಇಷ್ಟು ದ್ವೇಷ ಸಾಧಿಸಿದೆ."

ತಂಗಿಯ ಕಣ್ಣಿನಿಂದ ನೀರು ಸುರಿಯುತ್ತಿತ್ತು. ಆ ವರ್ಷವೆಲ್ಲ ಅಕ್ಕ ತಂಗಿಯ ಕಣ್ಣಿಗಾಗಿ ಹೆದರಿದ್ದಳು. ಆ ವರ್ಷ ಒಂದು ದಿನವಾದರೂ ಅಕ್ಕನಿಗಾಗಿ ತಾನು ಹೆದರಿದ್ದುಂಟೇ ಎಂದು ತಂಗಿ ಹುಡುಕಿದಳು. ಒಂದೂ ಸಿಗಲಿಲ್ಲ. ತುಟಿ ಕಚ್ಚಿ ಬಿಕ್ಕನ್ನು ಅದುಮಿದಳು, ಸದ್ದು ಹೊರಡಲಿಲ್ಲ.

"ನನ್ನ ಮೇಲೆ ಕೋಪ ಇದ್ಯಾ?" ಎಂದು ಕೇಳಿದಳು ಅಕ್ಕ.

ತಂಗಿ ಇಲ್ಲವೆಂದು ತಲೆಯಾಡಿಸಿದಳು. ಅಕ್ಕನ ಮುಖದಲ್ಲಿ ದಿಗಿಲು ಹತ್ತಿತು.

"ಇದ್ರೆ ಬೈದುಬಿಡೇ. ಸುಮ್ಮನಿರ್ಬೇಡ. ನೀನು ಆ ಕಡೆ ಕೂತ್ರೆ ನಿನ್ನ ಮುಖ ನನಗೆ ಕಾಣಲ್ಲ."

ತಂಗಿ ಎದ್ದು ಅಕ್ಕನ ಎದುರಿಗೆ ಬಂದು ನಿಂತಳು.