ಥೆಲ್ಮಾಳನ್ನು ಸಾಯಿಸಿದ್ದು

ಸಾಯಲೇಬೇಕೆಂದು ಹಟ ಹಿಡಿದವಳು ಗ್ಲೆನಿಸ್ ತಾನೇ. ಮ್ಯಾಂಚೆಸ್ಟರಿನ ಆ ಟೀವಿ ಧಾರಾವಾಹಿಯಲ್ಲಿ, ಬಿಟ್ಟುಹೋಗುವ ನಟರ ಪಾತ್ರವನ್ನು ಟ್ಯಾಕ್ಸಿ ಹತ್ತಿಸಿ ಊರು ಬಿಡಿಸುವುದು ರೂಢಿ. ಹಾಗೆ ಹೋದವರು ಎಂದಾದರೂ ಮರಳಬಹುದು. ಆದರೆ ಗ್ಲೆನಿಸ್‌ಗೆ ಆಗ ಲಂಡನ್ನಿನಿಂದ ಸಿನಿಮಾದ ಕರೆ ಬಂದಿತ್ತು. ತನ್ನ ಪಾತ್ರವಾದ ಥೆಲ್ಮಾಳನ್ನು ಜನ ಮರೆಯದ ಹಾಗೆ ಸಾಯಿಸಿ ಎಂದು ಕಥೆ ಬರೆಯುವವರ ಬೆನ್ನುಬಿದ್ದಳು. ಥೆಲ್ಮಾ ಅಡುಗೆಮನೆಯ ನೆಲದ ಮೇಲೆ ಸತ್ತಳು. ದೇಶವೇ ಅತ್ತಿತು.

ಸಿನಿಮಾಗಳು ಬಂದವು, ಹೋದವು. ಆಮೇಲೆ ಸಣ್ಣಪುಟ್ಟ ಪಾತ್ರಗಳು: ನರ್ಸ್, ಪಕ್ಕದ ಮನೆಯಾಕೆ, ಕೊಲೆ ಕಂಡ ಮುದುಕಿ. ಈಚೆಗೆ ಅದೂ ಇಲ್ಲ. ಈಗ ಧಾರಾವಾಹಿಯವರು ಹಳೆಯ ಮುಖಗಳನ್ನು ವಾಪಸು ಕರೆಸುತ್ತಿದ್ದಾರೆಂದು ತಿಳಿದು, ಕರೆಯದೆಯೇ ನಿರ್ಮಾಪಕ ಕೆಲಮ್‌ನ ಕೋಣೆಗೆ ಬಂದಿದ್ದಳು.

"ನಿಮ್ಮನ್ನ ನೋಡ್ಕೊಂಡೇ ಬೆಳೆದೋನು ನಾನು," ಎಂದ ಕೆಲಮ್. "ನೀವು ಸತ್ತ ದಿನ ನಮ್ಮಮ್ಮ ಅಡುಗೇನೇ ಮಾಡ್ಲಿಲ್ಲ."

"ಹಂಗಾದ್ರೆ ಬದುಕಿಸಪ್ಪ."

"ಹೆಣಾನ ಎಲ್ರೂ ನೋಡಿದ್ದಾರಲ್ಲ ಗ್ಲೆನಿಸ್."

"ಅವಳಿ ತಂಗಿ?"

"ಕಟುಕನ ಪಾತ್ರ ಸತ್ಮೇಲೆ ಹಿಂಗೇ ಅವಳಿ ತಮ್ಮನ್ನ ತಂದಿದ್ವಿ. ಜನ ಇನ್ನೂ ಉಗೀತಿದ್ದಾರೆ."

"ಅಂಗಡಿಗೆ ಬರೋಳು ಯಾರೋ ಒಬ್ಳು. ಒಂದೇ ಡೈಲಾಗ್ ಕೊಟ್ರೂ ಸಾಕು."

ಕೆಲಮ್ ಕಿಟಕಿಯ ಕಡೆ ನೋಡಿದ. "ನಿಮ್ಮ ಮುಖ ಕಂಡ್ರೆ ಥೆಲ್ಮಾ ಅಂತಾರೆ. ಅಷ್ಟು ಚೆನ್ನಾಗಿ ಸತ್ರಿ ನೀವು. ಅದೇ ತೊಂದ್ರೆ."

ಹೊರಬರುವಾಗ ಮೇಕಪ್ ಕೋಣೆಯಿಂದ ಡೊರೀನ್ ಕೂಗಿದಳು. ತೆರೆಯ ಮೇಲೆ ಥೆಲ್ಮಾಳ ಗೆಳತಿಯಾಗಿದ್ದವಳು. ಟ್ಯಾಕ್ಸಿಯಲ್ಲಿ ಹೋದವಳು, ಈಗ ಮರಳಿದವಳು.

"ಏನಂದ ಹುಡುಗ?"

"ಸತ್ತೋರು ಸತ್ತಂಗೇ ಇರ್ಬೇಕಂತೆ."

"ಆಗ್ಲೇ ಬಡ್ಕೊಂಡೆ, ಸುಮ್ನೆ ಟ್ಯಾಕ್ಸಿ ಹತ್ತೇ ಅಂತ. ನಿಂಗೆ ಮಹಾರಾಣಿ ಥರ ಸಾವೇ ಬೇಕಿತ್ತು." ಹೇಳಿದ ಮೇಲೆ ಡೊರೀನ್‌ಗೆ ಕಸಿವಿಸಿಯಾಯಿತು. ಬಿಸ್ಕತ್ತಿನ ಡಬ್ಬಿಯನ್ನು ಮುಂದಕ್ಕೆ ತಳ್ಳಿದಳು. "ಮಧ್ಯಾಹ್ನ ನಿನ್ನ ಗೋರಿ ಹತ್ರ ನಂದೊಂದು ಸೀನು. ಮಾತು ತಲೇಲೇ ನಿಲ್ತಿಲ್ಲ. ಒಂದ್ಸಲ ಕೇಳಿಸ್ಕೋತೀಯಾ, ಚಿನ್ನ?"

ಗ್ಲೆನಿಸ್ ಕನ್ನಡಕ ಹಾಕಿಕೊಂಡು ಹಾಳೆ ಹಿಡಿದಳು. ಅಭ್ಯಾಸಬಲದಿಂದ ಅವಳ ಬೆರಳು ಸಾಲುಗಳ ಮೇಲೆ ಓಡಿತು. "ನನ್ನ ಮಾತು ಎಲ್ಲಿಂದ ಶುರು?"

"ನಿಂಗೆ ಮಾತಿಲ್ಲ ಕಣೇ. ನೀನು ಕೆಳಗಿದ್ದೀಯ, ಮಣ್ಣಲ್ಲಿ."

ಇಬ್ಬರೂ ನಕ್ಕರು. ಮೊದಲು ನಿಂತದ್ದು ಡೊರೀನಳ ನಗು. ಅವಳು ಕಣ್ಣು ಮುಚ್ಚಿ ಪಾತ್ರದೊಳಗೆ ಇಳಿದಳು.

"ನೀನಿಲ್ದೆ ಈ ಬೀದಿ ಹೆಂಗಾಗಿದೆ ಗೊತ್ತಾ ಥೆಲ್ಮಾ?"

ಹಾಳೆಯಲ್ಲಿ ಆ ಜಾಗದಲ್ಲಿ 'ಮೌನ' ಎಂದಷ್ಟೇ ಬರೆದಿತ್ತು. ಗ್ಲೆನಿಸಳ ಬಾಯಿ ತೆರೆದುಕೊಂಡಿತು. ಥೆಲ್ಮಾ ಏನನ್ನುತ್ತಿದ್ದಳೆಂದು ಅವಳಿಗೆ ಗೊತ್ತಿತ್ತು. ನಾಲಿಗೆಯ ತುದಿಗೇ ಬಂದಿತ್ತು. ತುಟಿ ಕಚ್ಚಿ ಹಿಡಿದಳು.

"ಅಲ್ಲಿ ಇನ್ನೂ ಸ್ವಲ್ಪ ಹೊತ್ತು ಸುಮ್ನಿರು," ಎಂದಳು ಕೊನೆಗೆ. "ಅವಳು ಉತ್ತರ ಕೊಡಲ್ಲ ಅಂತ ಜನಕ್ಕೆ ಗೊತ್ತಾಗ್ಬೇಕು."

ಡೊರೀನ್ ತಲೆಯಾಡಿಸಿ ಮತ್ತೆ ಮೊದಲಿನಿಂದ ಶುರುಮಾಡಿದಳು.